ಬೈರಕೂರಿಗೆ ಹೋದ ಹಳದಿ ವ್ಯಾನು

ಮುಳಬಾಗಿಲು
12-11-1975

ಚಿ. ಭಾರತಮ್ಮನಿಗೆ ನಿನ್ನ ಭಾವ ಕೋದಂಡರಾಮಪ್ಪನ ಆಶೀರ್ವಾದಗಳು.

ಮನೆಯಲ್ಲಿ ಯಾರಿಗೂ ಜ್ವರವಿಲ್ಲ, ಕೆಮ್ಮಿಲ್ಲ. ನಮ್ಮ ಮನೆಯವಳು ಶ್ಯಾಮಲಮ್ಮನ ಮಂಡಿನೋವು ಮಾತ್ರ ಅವಳನ್ನು ಬಿಟ್ಟು ಹೋಗಿಲ್ಲ. ನೀನು ಊರು ಬಿಟ್ಟ ಮೇಲೆ ನಾನೂ ಬರೆಯಲಿಲ್ಲ, ನೀನೂ ಬರೆಯಲಿಲ್ಲ. ನಿನ್ನ ತಮ್ಮ ಮುನಿಕೃಷ್ಣಪ್ಪ ಕೋಲಾರದ ಚಿನ್ನದ ಗಣಿಯ ಕೆಲಸ ಬಿಟ್ಟು ಕೆನಡಾದ ಗಣಿಗೆ ಹೋದದ್ದು, ಹಿಂದೆಯೇ ನಿನ್ನನ್ನು ಕರೆಸಿಕೊಂಡದ್ದು ಎಲ್ಲ ಗೊತ್ತಾಯಿತು. ನೀನು ಅಲ್ಲಿ ಶಾಲೆಯ ಬಸ್ಸಿನಲ್ಲಿ ಮಕ್ಕಳನ್ನು ನೋಡಿಕೊಳ್ಳುವ ಕೆಲಸದಲ್ಲಿ ಇದ್ದೀಯಂತೆ. ಕೇಳಿ ಸಂತೋಷವಾಯಿತು. ಮುನಿಕೃಷ್ಣಪ್ಪನ ಮಾವನ ಮನೆಗೆ ಆಳು ಕಳಿಸಿ ವಿಳಾಸ ತರಿಸಿದೆ.

ಹಳೆಯದನ್ನು ನೀನು ಮನಸ್ಸಿನಲ್ಲಿ ಇಟ್ಟುಕೊಂಡಿಲ್ಲವೆಂದು ತಿಳಿದಿದ್ದೇನೆ. ನನ್ನ ತಮ್ಮ ರಾಮಚಂದ್ರ ತೀರಿಕೊಂಡು, ಕರ್ಮಾಂತರ ಮುಗಿದ ಮಾರನೆಯ ಬೆಳಗ್ಗೆ ನೀನು ಎಂದಿನಂತೆ ಶಾಲೆಯ ಬೆಲ್ ಹೊಡೆಯಲು ಬಂದಾಗ ಗೇಟಿನಲ್ಲಿ ನಾನು ಒಂದು ಮಾತು ಆಡಿದೆ. ಅದು ನನ್ನ ಮಾತಲ್ಲಮ್ಮ, ಲೋಕದ ಮಾತು. ಬೆಳಗ್ಗೆ ಎದ್ದು ಮಕ್ಕಳು ನೋಡುವ ಮುಖ ಶುಭವಾಗಿರಬೇಕೆಂದು ತಂದೆತಾಯಿಗಳು ಬಯಸುವುದು ತಪ್ಪೇ? ನೀನು ಒಳಗಿನ ಕೋಣೆಯಲ್ಲಿ ಹರಿದ ಪುಸ್ತಕ ಹೊಲಿದುಕೊಂಡು ಮರ್ಯಾದೆಯಾಗಿ ಇರಬಹುದಿತ್ತು. ನೀನೇ ಮುನಿಸಿಕೊಂಡು ಹೊರಟೆ.

ಈಗ ವಿಷಯಕ್ಕೆ ಬರುತ್ತೇನೆ. ನೀನೂ ರಾಮಚಂದ್ರನೂ ಶುರು ಮಾಡಿದ ಬಾಲಬೋಧಿನಿ ಶಾಲೆ ಈಗ ಬಹಳ ಮುಂದುವರಿದಿದೆ. ಹೆಸರನ್ನು ಶ್ರೀ ಕೋದಂಡರಾಮ ಇಂಗ್ಲಿಷ್ ಕಾನ್ವೆಂಟ್ ಎಂದು ಬದಲಾಯಿಸಿದ್ದೇನೆ. ಇಂಗ್ಲಿಷ್ ಇಲ್ಲದಿದ್ದರೆ ಇವತ್ತಿನ ಜನ ತಿರುಗಿಯೂ ನೋಡುವುದಿಲ್ಲ. ಬೈರಕೂರು, ಕುರುಡುಮಲೆ ಕಡೆಯಿಂದ ಮಕ್ಕಳನ್ನು ಕರೆತರಲು ಶಾಲೆಗೇ ಒಂದು ವಾಹನ ಇಡಬೇಕೆಂದಿದ್ದೇನೆ. ನಮ್ಮ ತಾಲ್ಲೂಕಿನಲ್ಲಿ ಯಾರೂ ಇಟ್ಟಿಲ್ಲ. ಮಾಲೂರಿನಲ್ಲೂ ಇಲ್ಲ, ಶ್ರೀನಿವಾಸಪುರದಲ್ಲೂ ಇಲ್ಲ. ಯಾವ ಯಾವ ದೇಶದಲ್ಲಿ ಶಾಲೆಯ ಬಸ್ಸು ಯಾವ ತರಹ ಇರುತ್ತದೆ, ಬಣ್ಣ ಯಾವುದು, ಎಲ್ಲ ವಿವರವಾಗಿ ಬರೆ. ಉದ್ಘಾಟನೆಯ ದಿನ ಆ ಬಗ್ಗೆ ನಾನು ಭಾಷಣ ಮಾಡಬೇಕು. ನಮ್ಮ ಮನೆತನದವಳು ನೀನು, ಇಷ್ಟು ಮಾಡುವುದಿಲ್ಲವೇ?

ಕೋದಂಡರಾಮಪ್ಪ


ಸಡ್ಬರಿ, ಕೆನಡಾ
7-12-1975

ಪೂಜ್ಯ ಭಾವನವರಿಗೆ ಭಾರತಮ್ಮನ ನಮಸ್ಕಾರಗಳು.

ಕಾಗದ ತಲುಪಿತು. ‘ಚಿ.’ ಎಂದು ಬರೆದು, ಪಕ್ಕದಲ್ಲಿ ‘ಸೌ.’ ಇರುತ್ತಿದ್ದ ಜಾಗವನ್ನು ಹಾಗೇ ಖಾಲಿ ಬಿಟ್ಟಿದ್ದೀರಿ. ನೀವು ಯಾವಾಗಲೂ ಶಿಸ್ತಿನವರು.

ಗೇಟಿನ ಮಾತು ನಿಮಗೆ ಮರೆತಿರಬಹುದು ಎಂದುಕೊಂಡಿದ್ದೆ. ನೆನಪಿದೆ ಎಂದು ತಿಳಿದು ಸಮಾಧಾನವಾಯಿತು. ಆ ಬೆಲ್ಲು ನಿಮ್ಮ ತಮ್ಮ ಟೇಕಲ್ ಸ್ಟೇಷನ್ನಿನಿಂದ ಹೆಗಲ ಮೇಲೆ ಹೊತ್ತು ತಂದ ರೈಲು ಕಂಬಿಯ ತುಂಡು. ಅದನ್ನು ಬಡಿಯುವ ಸುತ್ತಿಗೆಯನ್ನು ಅವತ್ತು ಮಕ್ಕಳ ಎದುರಿಗೇ ನನ್ನ ಕೈಯಿಂದ ಕಿತ್ತುಕೊಂಡಿರಿ. ಅದನ್ನು ಬರೆಯಲು ಕಾಗದದಲ್ಲಿ ನಿಮಗೆ ಜಾಗ ಸಾಲಲಿಲ್ಲವೇನೋ. ಇರಲಿ, ಹಳೆಯದು.

ಇಲ್ಲಿಯ ಶಾಲೆ ಬಸ್ಸು ಹಳದಿ. ಪೂರ್ತಿ ಹಣ್ಣಾದ ಮಾವಿನ ಸಿಪ್ಪೆಯ ಹಳದಿ, ಮೇಲೆ ಕಪ್ಪು ಪಟ್ಟೆ, ಮುಂದೆ ಲಾರಿಗಿರುವಂಥ ಮೂಗು. ಅಮೆರಿಕಾದಲ್ಲೂ ಇದೇ ಬಣ್ಣವಂತೆ. ಮಂಜು ಮುಸುಕಿರಲಿ, ಹಿಮ ಸುರಿಯುತ್ತಿರಲಿ, ದೂರದಿಂದಲೇ ಕಾಣುತ್ತದೆ. ಅದು ನಿಂತು ಕೆಂಪು ದೀಪ ಮಿಣಮಿಣ ಅಂದರೆ ಹಿಂದಿನ ಗಾಡಿಯೂ ನಿಲ್ಲಬೇಕು, ಎದುರಿನದೂ ನಿಲ್ಲಬೇಕು. ಗಣಿಯ ಮ್ಯಾನೇಜರಾದರೂ ಅಷ್ಟೇ, ಪೊಲೀಸಾದರೂ ಅಷ್ಟೇ. ಕೆಲವು ಊರುಗಳಲ್ಲಿ ಬಸ್ಸಿನ ಪಕ್ಕೆಯಿಂದ ಕೆಂಪು ಹಲಗೆಯೊಂದು ಹೊರಕ್ಕೆ ಚಾಚಿ ‘ನಿಲ್ಲು’ ಎನ್ನುತ್ತದೆ.

ಇಂಗ್ಲೆಂಡಿನಲ್ಲಿ ಹಾಗಿಲ್ಲ. ಬರುವ ದಾರಿಯಲ್ಲಿ ನಾನೂ ತಮ್ಮನ ಹೆಂಡತಿಯೂ ಲಂಡನ್ನಿನಲ್ಲಿ ಕೆಲವು ದಿನ ಇದ್ದೆವು. ಮಕ್ಕಳು ಎಲ್ಲರ ಜೊತೆ ಕೆಂಪು ಎರಡಂತಸ್ತಿನ ಬಸ್ಸಿನಲ್ಲೇ ಹೋಗುತ್ತಾರೆ. ಹಳ್ಳಿ ಕಡೆ ಬಾಡಿಗೆ ಬಸ್ಸು. ಹಸಿರಾದರೆ ಹಸಿರು, ನೀಲಿಯಾದರೆ ನೀಲಿ. ಶಾಲೆಯ ಹತ್ತಿರದ ರಸ್ತೆಯಲ್ಲಿ ಮಾತ್ರ ಕೆಂಪು ತ್ರಿಕೋನದೊಳಗೆ ಎರಡು ಮಕ್ಕಳ ಚಿತ್ರ ಇರುತ್ತದೆ. ನಮ್ಮ ಬಸ್ಸಿನ ಡ್ರೈವರು ಜರ್ಮನಿಯ ಹೆಂಗಸು. ಅವರ ಊರಿನಲ್ಲಿ ಮಕ್ಕಳಿಗೆ ಬೇರೆ ಬಸ್ಸೇ ಇಲ್ಲ, ಊರ ಬಸ್ಸಿಗೇ ಪಾಸಂತೆ. ಶಾಲೆಯ ಅಡುಗೆಮನೆಯಲ್ಲಿ ಫಿಲಿಪೈನ್ಸಿನವಳೊಬ್ಬಳು ಇದ್ದಾಳೆ. ಅವರಲ್ಲಿ ಹಳೆಯ ಜೀಪಿಗೆ ಬೆಂಚು ಜೋಡಿಸಿ, ಇರುವ ಬಣ್ಣವನ್ನೆಲ್ಲ ಬಳಿದು, ಮೂತಿಯ ಮೇಲೆ ಬೆಳ್ಳಿ ಕುದುರೆ ನಿಲ್ಲಿಸಿ ಮಕ್ಕಳನ್ನು ತುಂಬಿಕೊಂಡು ಹೋಗುತ್ತಾರಂತೆ. ನಿಮ್ಮ ಭಾಷಣಕ್ಕೆ ಇಷ್ಟು ಸಾಕು ಅಂದುಕೊಳ್ಳುತ್ತೇನೆ.

ನನ್ನ ಕೆಲಸ ಬಾಗಿಲಲ್ಲಿ ನಿಂತು ಸಣ್ಣ ಮಕ್ಕಳ ಕೈ ಹಿಡಿದು ಹತ್ತಿಸುವುದು. ಮನೆ ಬಿಟ್ಟ ಮೇಲೆ ಆ ಮಕ್ಕಳು ಮೊದಲು ನೋಡುವ ಮುಖ ನನ್ನದೇ. ಇದುವರೆಗೆ ಯಾವ ಮಗುವಿಗೂ ಏನೂ ಆಗಿಲ್ಲ.

ಬೋರ್ಡು ಬರೆಯುತ್ತಿದ್ದ ಗಂಗುಲಪ್ಪ ಚೆನ್ನಾಗಿದ್ದಾನೆಯೇ? ಈಗಲೂ ಅವನಿಗೆ ಕೈತುಂಬ ಕೆಲಸವೇ? ಊರ ಸುದ್ದಿ ಬರೆಯಿರಿ, ನನಗೆ ಇಲ್ಲಿ ಯಾರೂ ಹೇಳುವವರಿಲ್ಲ.

ಭಾರತಮ್ಮ


ಮುಳಬಾಗಿಲು
20-1-1976

ಚಿ. ಭಾರತಮ್ಮನಿಗೆ ಆಶೀರ್ವಾದಗಳು.

ನಿನ್ನ ಕಾಗದವನ್ನು ಎಲ್ಲರಿಗೂ ಓದಿ ಹೇಳಿದೆ. ಫಿಲಿಪೈನ್ಸಿನ ಕುದುರೆಗೆ ಎಲ್ಲರೂ ನಕ್ಕರು. ನೀನು ದೊಡ್ಡ ಮನಸ್ಸು ಮಾಡಿದೆ. ಹೆಣ್ಣಿಗೆ ಬೇಕಾದ ಗುಣ ಅದೇ.

ಕೋಲಾರದಲ್ಲಿ ಒಂದು ಹಳೆಯ ಮೆಟಡೋರ್ ವ್ಯಾನು ಸಿಕ್ಕಿತು. ಇಂಜಿನ್ ಗಟ್ಟಿಯಾಗಿದೆ, ಬಣ್ಣ ಹೋಗಿದೆ. ಎಲ್ಲ ದೇಶಗಳನ್ನೂ ತೂಗಿ ನೋಡಿ ಹಳದಿಯನ್ನೇ ಆರಿಸಿದ್ದೇನೆ. ಶ್ಯಾಮಲಮ್ಮ ಕೂಡ “ಅರಿಶಿನದ ಬಣ್ಣ ಕಣ್ರೀ, ಲಕ್ಷಣವಾಗಿರುತ್ತೆ” ಅಂದಳು. ಆದರೆ ಬರೀ ಹಳದಿ ಬಳಿದರೆ ಬಾಡಿಗೆ ಕಾರಿನಂತೆ ಕಾಣಬಹುದೆಂಬ ಅನುಮಾನ. ಫಾರಿನ್ ಎಂದು ಗೊತ್ತಾಗುವಂಥ ಗುರುತು ಏನಾದರೂ ಇದ್ದರೆ ತಿಳಿಸು.

ಗಂಗುಲಪ್ಪನನ್ನು ಕೇಳಿದೆಯಲ್ಲ, ಅವನನ್ನು ಹಿಡಿಯುವುದೇ ಕಷ್ಟವಾಗಿದೆ. ತಾಲ್ಲೂಕಿನ ಗೋಡೆಗೋಡೆಗೂ ಕುಟುಂಬ ಯೋಜನೆಯ ಕೆಂಪು ತ್ರಿಕೋನ ಬರೆಯುತ್ತಿದ್ದಾನೆ. ಹಳದಿ ಬಳಿದು, ಮೇಲೆ ಕೆಂಪು ತ್ರಿಕೋನ, ಒಳಗೆ ಅಪ್ಪ ಅಮ್ಮ ಮಕ್ಕಳ ಮುಖ. “ಕಣ್ಣು ಮುಚ್ಕೊಂಡ್ರೂ ಕೈ ಅದನ್ನೇ ಬರೀತದೆ ಸಾಮಿ” ಅಂತಾನೆ. ಹಳ್ಳಿಗಳಲ್ಲಿ ಈಗ ಅದೇ ಗಲಾಟೆ. ಮಕ್ಕಳಾಗದಂತೆ ಆಪರೇಷನ್ ಮಾಡಲು ವ್ಯಾನು ಬರುತ್ತದಂತೆ, ಬಿಳಿ ಕೋಟಿನವರು ಹೆಸರು ಕೂಗಿ ಗಂಡಸರನ್ನು ಎಳೆದುಕೊಂಡು ಹೋಗುತ್ತಾರಂತೆ ಎಂದು ಯಾರೋ ಹಬ್ಬಿಸಿದ್ದಾರೆ. ದೂರದಲ್ಲಿ ಜೀಪಿನ ಶಬ್ದವಾದರೆ ಸಾಕು, ಗಂಡಸರೆಲ್ಲ ಹಿಪ್ಪುನೇರಳೆ ತೋಟದಲ್ಲಿ ಮಾಯ. ದಡ್ಡ ಜನ. ನಮಗೇಕೆ ಅದೆಲ್ಲ, ನಮ್ಮದು ವಿದ್ಯೆಯ ವಿಷಯ.

ಕೋದಂಡರಾಮಪ್ಪ


ಸಡ್ಬರಿ
15-2-1976

ಪೂಜ್ಯ ಭಾವನವರಿಗೆ ನಮಸ್ಕಾರಗಳು.

ನಿಮ್ಮ ಕಾಗದವನ್ನು ಮತ್ತೆ ಮತ್ತೆ ಓದಿದೆ. ಇಷ್ಟು ಒಳ್ಳೆಯ ಕಾಗದ ನೀವು ನನಗೆ ಯಾವತ್ತೂ ಬರೆದಿರಲಿಲ್ಲ.

ಹಳದಿ ಆರಿಸಿದ್ದು ಸರಿಯಾಯಿತು. ಅದು ಕೆನಡಾ, ಅಮೆರಿಕಾ ಆಯಿತು. ಅದಕ್ಕೆ ಇಂಗ್ಲೆಂಡಿನದೂ ಸೇರಿದರೆ ಎರಡು ಖಂಡದ ಮರ್ಯಾದೆ ನಿಮ್ಮ ವ್ಯಾನಿಗೇ ಬರುತ್ತದೆ. ಹೋದ ಕಾಗದದಲ್ಲಿ ಬರೆದಿದ್ದೆನಲ್ಲ, ಕೆಂಪು ತ್ರಿಕೋನ, ಒಳಗೆ ಮಕ್ಕಳು. ಅದನ್ನು ವ್ಯಾನಿನ ಎರಡು ಪಕ್ಕದಲ್ಲೂ ಮೂತಿಯ ಮೇಲೂ ದೊಡ್ಡದಾಗಿ ಬರೆಸಿ. ಬೇರೆ ಯಾರಿಗೂ ಕೊಡಬೇಡಿ, ಗಂಗುಲಪ್ಪನಿಗೇ ಕೊಡಿ. ಪಕ್ಕದಲ್ಲಿ ನಿಂತು ಹಾಗೆ ಬರಿ ಹೀಗೆ ಬರಿ ಎಂದು ಅವನಿಗೆ ಕಾಟ ಕೊಡಬೇಡಿ. ‘ಕೆಂಪು ತ್ರಿಕೋನ, ಒಳಗೆ ಮಕ್ಕಳ ಮುಖ’ ಎಂದಿಷ್ಟು ಹೇಳಿ ನಿಮ್ಮ ಕೆಲಸಕ್ಕೆ ಹೋಗಿ. ಕಲಾವಿದನ ಕೈ ಅದು.

ಇನ್ನೊಂದು ಮುಖ್ಯ ವಿಷಯ. ವ್ಯಾನಿನ ಜೊತೆ ಒಬ್ಬ ಹೆಂಗಸು ಇರಬೇಕು. ಶಾಲೆಯ ಆಯಾ ಚಿಕ್ಕಗಂಗಮ್ಮ ಸಾಕು. ಅವಳಿಗೆ ಒಂದು ಬಿಳಿ ಕೋಟು ಹೊಲಿಸಿ. ಶುಚಿಯಾಗಿ ಕಾಣುತ್ತದೆ, ಫಾರಿನ್ನಿನಲ್ಲಿ ಶುಚಿಗೇ ಮೊದಲ ಮಾನ. ಊರು ಬಂದ ಕೂಡಲೇ ಅವಳು ಇಳಿದು ಜೋರಾಗಿ ಹೆಸರು ಕೂಗಬೇಕು. ಮಗುವಿನ ಹೆಸರಲ್ಲ, ತಂದೆಯ ಹೆಸರು. ತಂದೆಯೇ ಮಗುವನ್ನು ತಂದು ಒಪ್ಪಿಸಿದರೆ ಜವಾಬ್ದಾರಿ ಇರುತ್ತದೆ.

ನೀವು ಶುರು ಮಾಡುವ ದಿನವನ್ನು ನನಗೆ ತಪ್ಪದೆ ತಿಳಿಸಿ. ಅವತ್ತು ನಾನು ಇಲ್ಲಿಂದಲೇ ನೆನೆಸಿಕೊಳ್ಳುತ್ತೇನೆ.

ಭಾರತಮ್ಮ


ಮುಳಬಾಗಿಲು
27-6-1976

ಚಿ. ಭಾರತಮ್ಮನಿಗೆ,

ನಾಳೆ ಬೆಳಗ್ಗೆ ಉದ್ಘಾಟನೆ. ವ್ಯಾನು ಗಂಗುಲಪ್ಪನ ಮನೆಯ ಮುಂದೆ ಇದೆ, ಹಳದಿ ಹೊಡೆದಾಗಿದೆ, ಚಿತ್ರ ಮಾತ್ರ ಬಾಕಿ. ಬೆಳಗಾಗುವಷ್ಟರಲ್ಲಿ ಮುಗಿಸುತ್ತೇನೆ ಎಂದಿದ್ದಾನೆ. ನೀನು ಹೇಳಿದಂತೆ ನಾನು ಆ ಕಡೆ ತಲೆ ಹಾಕಿಲ್ಲ. ಚಿಕ್ಕಗಂಗಮ್ಮ ಬಿಳಿ ಕೋಟು ಹಾಕಿಕೊಂಡು ಕನ್ನಡಿಯ ಮುಂದಿನಿಂದ ಏಳುತ್ತಿಲ್ಲ. ಶ್ಯಾಮಲಮ್ಮ ವ್ಯಾನಿಗೆಂದು ಆಳೆತ್ತರದ ಸೇವಂತಿಗೆ ಹಾರ ಕಟ್ಟಿಸಿದ್ದಾಳೆ. ವೇದಿಕೆಯ ಮೇಲೆ ನಿನ್ನ ಹೆಸರು ಹೇಳುವುದು ಚೆನ್ನಾಗಿರುವುದಿಲ್ಲ, ಶುಭ ಸಮಾರಂಭ, ಮನಸ್ಸಿನಲ್ಲೇ ನೆನೆಯುತ್ತೇನೆ.

ಬೈರಕೂರಿನ ಮುನಿಯಲ್ಲಪ್ಪ ಗೊತ್ತಲ್ಲ? ಅವನ ಮಗನಿಗೆ ನೀನೇ ಅಕ್ಷರ ಕಲಿಸಿದ್ದು. ಅವನ ಮಗಳು ಮುತ್ಯಾಲಮ್ಮನ ಹೆಸರು ಮೊದಲನೆಯದಾಗಿ ಬರೆದುಕೊಂಡಿದ್ದೇನೆ.

ಕೋದಂಡರಾಮಪ್ಪ


ಮುಳಬಾಗಿಲು
5-7-1976

ಭಾರತಮ್ಮನಿಗೆ,

ಅವಸರದಲ್ಲಿ ಬರೆಯುತ್ತಿದ್ದೇನೆ, ಅಕ್ಷರ ನೋಡಿ ನಗಬೇಡ.

ಉದ್ಘಾಟನೆಯ ಬೆಳಗ್ಗೆ ವ್ಯಾನು ಶಾಲೆಯ ಮುಂದೆ ಬಂದು ನಿಂತಾಗ ನಾನು ಮೊದಲ ಸಲ ನೋಡಿದೆ. ಗಂಗುಲಪ್ಪ ತ್ರಿಕೋನವನ್ನು ಗೋಡೆಗಳ ಮೇಲೆ ಬರೆಯುವಂತೆಯೇ ಮೂತಿ ಕೆಳಗೆ ಮಾಡಿ ಬರೆದಿದ್ದಾನೆ. ಒಳಗೆ ಮಕ್ಕಳ ಜೊತೆ ಅಪ್ಪ ಅಮ್ಮನ ಮುಖವನ್ನೂ ಬರೆದಿದ್ದಾನೆ. “ಏನ್ಲಾ ಇದು?” ಅಂದರೆ, “ಕೈ ತಪ್ಪಿ ಹೋಯ್ತು ಸಾಮಿ, ಮಕ್ಕಳು ಬರೆದ್ಮೇಲೆ ಅಪ್ಪ ಅಮ್ಮ ತಾನಾಗೇ ಬಂದ್ಬಿಟ್ರು” ಅಂತಾನೆ. ಬಣ್ಣ ಹಸಿ, ಮುಹೂರ್ತ ಮೀರುತ್ತಿದೆ, ಕೋಲಾರದಿಂದ ದೊಡ್ಡವರೆಲ್ಲ ಬಂದು ಕುರ್ಚಿಯಲ್ಲಿ ಕೂತಿದ್ದಾರೆ. ಸೇವಂತಿಗೆ ಹಾರವನ್ನು ಮೂತಿಗೆ ಹಾಕಿ ಮುಚ್ಚಿಸಿದೆ. ಪಕ್ಕಗಳಿಗೆ ಬಾಳೆಕಂದು ಕಟ್ಟಿಸಿದೆ. ಭಾಷಣಕ್ಕೆ ಬಹಳ ಚಪ್ಪಾಳೆ ಬಿತ್ತು. ವ್ಯಾನು ಬೈರಕೂರಿಗೆ ಹೊರಟಿತು.

ಮುಂದಿನದನ್ನು ಡ್ರೈವರೂ ಚಿಕ್ಕಗಂಗಮ್ಮನೂ ಅತ್ತುಕೊಂಡು ಹೇಳಿದರು. ದಾರಿಯಲ್ಲಿ ದನದ ಮಂದೆ ಅಡ್ಡ ಬಂದು ವ್ಯಾನು ನಿಂತಿತಂತೆ. ಹಾರವನ್ನೂ ಬಾಳೆಕಂದನ್ನೂ ದನಗಳು ಎಳೆದು ತಿಂದವು. ಹಾಗೇ ಬೋಳು ಮೂತಿಯಲ್ಲಿ ಊರೊಳಗೆ ಹೋಗಿದ್ದಾರೆ. ಮುನಿಯಲ್ಲಪ್ಪ ಜಗಲಿಯ ಮೇಲೆ ಬೇವಿನಕಡ್ಡಿ ಅಗಿಯುತ್ತಾ ಕೂತಿದ್ದನಂತೆ. ಬಿಳಿ ಕೋಟಿನ ಚಿಕ್ಕಗಂಗಮ್ಮ ಇಳಿದು, “ಮುನಿಯಲ್ಲಪ್ಪಾ! ಮುನಿಯಲ್ಲಪ್ಪ ಎಲ್ಲಿದ್ದೀಯಾ, ಬಾ!” ಎಂದು ಕೂಗಿದಳು. ಅವನು ಕಡ್ಡಿ ಉಗಿದು, “ನಂಗಿರೋದು ಒಂದ್ಗಂಡು ಒಂದ್ಹೆಣ್ಣು ಕಣಮ್ಮೋ, ಬಿಟ್ಬಿಡಿ!” ಎನ್ನುತ್ತಾ ಹಿಪ್ಪುನೇರಳೆ ತೋಟಕ್ಕೆ ಹಾರಿದ. ಈ ಹುಚ್ಚಿ ಹಿಂದೆಯೇ ಓಡಿ, “ಹೆದರ್ಕೋಬೇಡ್ರೀ, ನೋವಾಗಲ್ಲ, ಬಂದು ಹತ್ತೋದು ಅಷ್ಟೇ!” ಅಂದಳಂತೆ. ಸರಿ, ಮುಗಿಯಿತು. ಯಾರೋ ತೆಲುಗಿನಲ್ಲಿ, “ಆಪರೇಷನ್ ಬಂಡಿ ವಚ್ಚಿಂದಿರೋ, ಪರಿಗೆತ್ತಂಡ್ರಾ!” ಎಂದು ಬೊಬ್ಬೆ ಹಾಕಿದರು, ಆಪರೇಷನ್ ಗಾಡಿ ಬಂತು ಓಡ್ರೋ ಅಂತ. ಊರಿಗೆ ಊರೇ ಓಡಿತು. ಮುದುಕರು ಕೂಡ ಓಡಿದರು. ಹೆಂಗಸರು ಒನಕೆ ಹಿಡಿದು ಬಂದರು. ಮುಂದಿನ ಗಾಜು ಪುಡಿಪುಡಿ.

ಮುತ್ಯಾಲಮ್ಮ ಹೊಸ ಲಂಗ ಹಾಕಿಕೊಂಡು, ಸ್ಲೇಟು ಹಿಡಿದುಕೊಂಡು, ವ್ಯಾನಿನ ಬಾಗಿಲ ಹತ್ತಿರಕ್ಕೆ ಬಂದಿದ್ದಳಂತೆ. ಅವಳ ತಾಯಿ ಮುನಿಗಂಗಮ್ಮ ರಟ್ಟೆ ಹಿಡಿದು ಎಳೆದುಕೊಂಡು ಹೋದಳು. ಸ್ಲೇಟು ಅಲ್ಲೇ ಬಿದ್ದು ಒಡೆಯಿತು.

ಕುರುಡುಮಲೆಗೆ ಹೋಗುವಷ್ಟರಲ್ಲಿ ಸುದ್ದಿ ಮುಂದೆ ಹೋಗಿತ್ತು. ಎಲ್ಲ ಮನೆಗೂ ಅಗುಳಿ. ಗಣಪತಿ ಗುಡಿಯ ಪೂಜಾರಿ ಕೂಡ ಒಳಗಿನಿಂದ ಬಾಗಿಲು ಹಾಕಿಕೊಂಡನಂತೆ. ಮರುದಿನ ನೀಲಿ ಬಣ್ಣ ಬಳಿಸಿ ಕಳಿಸಿದೆ. “ವೇಷ ಹಾಕ್ಕೊಂಡು ಬಂದವ್ರೆ” ಎಂದು ಇನ್ನೂ ಜೋರಾಗಿ ಕಲ್ಲು ಬಿತ್ತು. ತೆಳ್ಳಗೆ ಬಳಿದಿದ್ದರಿಂದ ನೀಲಿಯೊಳಗಿಂದ ತ್ರಿಕೋನ ಹಾಗೇ ಇಣುಕುತ್ತದೆ. ದೊಡ್ಡಗಂಗಮ್ಮ ಅನ್ನುವ ಒಬ್ಬ ಮುದುಕಿ ರಸ್ತೆಯಲ್ಲಿ ನಿಂತು, “ಬೆಳಗ್ಗೆ ಎದ್ದು ಆ ವ್ಯಾನಿನ ಮುಖ ನೋಡ್ಬೇಡ್ರೋ, ಮನೆ ಹಾಳಾಗ್ತದೆ” ಎಂದು ಮಣ್ಣು ತೂರುತ್ತಾಳಂತೆ. ಊರಿನೊಳಗಿನ ಮಕ್ಕಳನ್ನೂ ಬಿಡಿಸುತ್ತಿದ್ದಾರೆ. ನನ್ನ ಶಾಲೆಗೆ ‘ಆಪರೇಷನ್ ಕಾನ್ವೆಂಟ್’ ಎಂದು ಹೆಸರಿಟ್ಟಿದ್ದಾರೆ.

ನೀನು ತಿಳಿದವಳು. ಬೇರೆ ಯಾವ ದೇಶದಲ್ಲಾದರೂ ಬೇರೆ ಬಣ್ಣ ಇದ್ದರೆ ಬೇಗ ಬರೆ.

ಕೋದಂಡರಾಮಪ್ಪ


ಸಡ್ಬರಿ
2-8-1976

ಕೋದಂಡರಾಮಪ್ಪನವರಿಗೆ,

ಬೇರೆ ದೇಶದ ಬಣ್ಣ ಕೇಳಿದ್ದೀರಿ. ಯಾವ ದೇಶದ ಬಣ್ಣವೂ ಈಗ ನಿಮ್ಮ ಕೆಲಸಕ್ಕೆ ಬರುವುದಿಲ್ಲ.

ನಾನು ಬರೆಯದೆ ಉಳಿಸಿದ್ದನ್ನು ಬರೆಯುತ್ತೇನೆ. ಇಂಗ್ಲೆಂಡಿನ ತ್ರಿಕೋನದ ಮೂತಿ ಮೇಲಕ್ಕಿರುತ್ತದೆ, ಒಳಗೆ ಬಿಳಿ. ಅದು ಇರುವುದು ರಸ್ತೆಯ ಕಂಬದ ಮೇಲೆ, ಹಳದಿ ಬಸ್ಸಿನ ಮೇಲಲ್ಲ. ಗಂಗುಲಪ್ಪನ ಕೈ ಎತ್ತ ಹೋಗುತ್ತದೆಂದು ನೀವೇ ನನಗೆ ಬರೆದು ತಿಳಿಸಿದಿರಿ. ಅವನ ಮೇಲೆ ರೇಗಬೇಡಿ, ಪಾಪ, ಅವನು ದಿನವೂ ಬರೆಯುವುದನ್ನೇ ಬರೆದಿದ್ದಾನೆ. ತಂದೆಯ ಹೆಸರು ಕೂಗುವ ಪದ್ಧತಿ ಯಾವ ದೇಶದಲ್ಲೂ ಇಲ್ಲ. ಬಿಳಿ ಕೋಟು ಕೂಡ ಇಲ್ಲ. ಅವೆರಡೂ ನನ್ನ ಸ್ವಂತದವು. ಹಳದಿಯನ್ನು ಮಾತ್ರ ನೀವೇ ಆರಿಸಿದಿರಿ, ಅರಿಶಿನದ ಬಣ್ಣವೆಂದು.

ಹೌದು, ಬೇಕೆಂದೇ ಮಾಡಿದೆ. ನಿಮ್ಮ ಮೊದಲ ಕಾಗದ ಓದಿದ ರಾತ್ರಿ ನಾನು ಊಟ ಮಾಡಲಿಲ್ಲ. ನಿಮ್ಮ ತಮ್ಮನೂ ನಾನೂ ಹಂಚಿನ ಶೆಡ್ಡಿನಲ್ಲಿ ಶುರು ಮಾಡಿದ ಶಾಲೆ. ನೆಲಕ್ಕೆ ಸಗಣಿ ಸಾರಿಸಿದ್ದು ನಾನು. ಅದರ ಹೆಸರು ಅಳಿಸಿ ನಿಮ್ಮ ಹೆಸರು ಇಟ್ಟುಕೊಂಡಿರಿ. ಅದನ್ನೂ ನುಂಗಿಕೊಳ್ಳುತ್ತಿದ್ದೆನೇನೋ. ಆದರೆ ಗಂಡ ಸತ್ತು ಕಣ್ಣೀರು ಆರಿರಲಿಲ್ಲ, ಮಕ್ಕಳ ಮುಖ ನೋಡಿದರಾದರೂ ಜೀವ ನಿಲ್ಲುತ್ತದೆಂದು ಬಂದವಳಿಗೆ ಏನಂದಿರಿ? ಕಾಗದದಲ್ಲಿ ನಯ ಮಾಡಿ ಬರೆದಿದ್ದೀರಿ. ನೀವು ಅಂದದ್ದು ನನಗೆ ಬಾಯಿಪಾಠವಾಗಿದೆ. “ಬೆಳಗ್ಗೆ ಎದ್ದು ನೋಡೋ ಮುಖಾನೇನಮ್ಮ ಇದು? ಮನೆ ಹಾಳಾಗ್ತದೆ, ಒಳಗೆ ಹೋಗು.” ಪ್ರಾರ್ಥನೆಗೆ ಸಾಲು ನಿಂತಿದ್ದ ಮಕ್ಕಳೆಲ್ಲ ಕೇಳಿಸಿಕೊಂಡರು. ಒಂದನೇ ಕ್ಲಾಸಿನ ಪುಟ್ಟಿಯೊಬ್ಬಳು ಕಣ್ಣು ಮುಚ್ಚಿಕೊಂಡಳು.

ಈಗ ಅದೇ ಮಾತನ್ನು ಆ ಮುದುಕಿ ದೊಡ್ಡಗಂಗಮ್ಮ ನಿಮ್ಮ ವ್ಯಾನಿಗೆ ಅಂದಿದ್ದಾಳೆ. ಅದನ್ನು ನೀವೇ ನಿಮ್ಮ ಕೈಯಾರೆ ಬರೆದು, ಅಂಚೆಚೀಟಿ ಅಂಟಿಸಿ ನನಗೆ ಕಳಿಸಿದ್ದೀರಿ. ಬರೆಯುವಾಗ ನಿಮಗೆ ಏನೂ ನೆನಪಾಗಲಿಲ್ಲವೇ? ನನ್ನ ಹೊಟ್ಟೆಯ ಉರಿ ಇವತ್ತು ತಣ್ಣಗಾಯಿತು. ಎಷ್ಟು ನಕ್ಕೆನೆಂದರೆ ತಮ್ಮನ ಹೆಂಡತಿ ಒಲೆಯ ಮುಂದಿನಿಂದ ಎದ್ದು ಬಂದು ನನ್ನ ಹಣೆ ಮುಟ್ಟಿ ನೋಡಿದಳು.

ಆ ಸ್ಲೇಟು ಒಡೆದ ಸಾಲಿನ ಹತ್ತಿರ ಮಾತ್ರ ನಗು ನಿಂತಿತು. ಆ ಹುಡುಗಿಗೆ ನಾನು ಉತ್ತರ ಹೇಳಬೇಕು. ನಿಮಗೆ ಹೇಳಬೇಕಾದದ್ದು ಏನೂ ಇಲ್ಲ.

ಭಾರತಮ್ಮ


ಮುಳಬಾಗಿಲು
30-8-1976

ಲೇ ಭಾರತಿ,

ಹಾವಿಗೆ ಹಾಲೆರೆದೆ ನಾನು. ನಮ್ಮ ಮನೆಯ ಅನ್ನ ತಿಂದು ನಮ್ಮ ಮನೆಗೇ ಬೆಂಕಿ ಇಟ್ಟೆಯಲ್ಲೇ! ನೀನು ಈ ಊರಿಗೆ ಕಾಲಿಟ್ಟು ನೋಡು, ಕಾಲು ಮುರಿಸುತ್ತೇನೆ. ಗಂಡನನ್ನು ನುಂಗಿದವಳಿಗೆ ಶಾಲೆ ಯಾವ ಲೆಕ್ಕ? ಶ್ಯಾಮಲಮ್ಮ ನಿನ್ನ ಕಾಗದ ಓದಿ ಸೆರಗು ಬಾಯಿಗೆ ಒತ್ತಿಕೊಂಡು ಒಳಗೆ ಹೋದವಳು ಹೊರಗೆ ಬಂದಿಲ್ಲ. ಅಳುತ್ತಿದ್ದಾಳೋ ನಗುತ್ತಿದ್ದಾಳೋ ಗೊತ್ತಾಗುತ್ತಿಲ್ಲ. ಇನ್ನು ನನಗೂ ನಿನಗೂ ಋಣ ಹರಿಯಿತು.

ಕೋದಂಡರಾಮಪ್ಪ


ಶ್ರೀನಿವಾಸಪುರ
18-3-1979

ಶ್ರೀಮತಿ ಭಾರತಮ್ಮನವರಿಗೆ ಕೋದಂಡರಾಮಪ್ಪನ ನಮಸ್ಕಾರಗಳು.

ನೀವು ಈ ಕಾಗದ ಒಡೆದು ಓದುತ್ತೀರೋ ಇಲ್ಲವೋ ತಿಳಿಯದು. ವಿಳಾಸ ಬದಲಾಗಿಲ್ಲವೆಂದು ನಂಬಿ ಬರೆಯುತ್ತಿದ್ದೇನೆ.

ಶ್ರೀನಿವಾಸಪುರದ ಮಾವಿನ ಮಂಡಿಯ ಮುಂದೆ ಕೂತು ಬರೆಯುತ್ತಿದ್ದೇನೆ. ಬರುವ ಸುಗ್ಗಿಯಲ್ಲಿ ಹಣ್ಣು ಸಾಗಿಸಲು ಆ ವ್ಯಾನನ್ನು ಬಾಡಿಗೆಗೆ ಬಿಡೋಣವೆಂದು ಬಂದೆ. ಸರಕಾರ ಬದಲಾಯಿತು, ಆಪರೇಷನ್ ಗಲಾಟೆ ಮುಗಿಯಿತು, ಗೋಡೆಯ ತ್ರಿಕೋನಗಳ ಮೇಲೆ ಸಿನಿಮಾ ಪೋಸ್ಟರು ಬಿದ್ದವು. ನನ್ನ ವ್ಯಾನಿನ ಹೆಸರು ಮಾತ್ರ ಹೋಗಲಿಲ್ಲ. ಮಂಡಿಯ ಹುಡುಗರು ನೋಡಿದ ಕೂಡಲೇ ಪಂಚೆ ಬಿಗಿಯಾಗಿ ಹಿಡಿದುಕೊಂಡು ನಗುತ್ತಾರೆ. ವೆಂಕಟರಾಯಪ್ಪ ಎಂಬ ವ್ಯಾಪಾರಿ, “ಇದ್ರಲ್ಲಿ ತಂದ್ರೆ ನಮ್ ಹಣ್ಣಲ್ಲಿ ಓಟೆನೇ ಇರಲ್ಲ, ಬೀಜಾನೇ ಇರಲ್ಲ ಸ್ವಾಮಿ” ಅಂದ. ಎಲ್ಲರೂ ನಕ್ಕರು. ನಾನೂ ನಕ್ಕಂತೆ ಮಾಡಿದೆ.

ಶಾಲೆಯಲ್ಲಿ ಈಗ ಒಂದು ಕೋಣೆ ತುಂಬುವಷ್ಟು ಮಕ್ಕಳೂ ಇಲ್ಲ. ಮೇಷ್ಟರುಗಳು ಬಿಟ್ಟು ಹೋದರು. ಬರುವ ಜೂನಿನಲ್ಲಿ ಬಾಗಿಲು ಹಾಕಬೇಕಾಗುತ್ತದೆ. ಹೋದ ತಿಂಗಳು ನಾನೇ ಬೈರಕೂರಿಗೆ ಹೋಗಿ ಮುನಿಯಲ್ಲಪ್ಪನ ಜಗಲಿಯ ಮೇಲೆ ಕೂತು ಬೇಡಿದೆ. ಅವನು ಎದ್ದು ತೋಟದ ಕಡೆ ಹೋದ. ಅವನ ಹೆಂಡತಿ ಮುನಿಗಂಗಮ್ಮ ಬಾಗಿಲ ಹಿಂದಿನಿಂದ ಹೇಳಿದಳು: “ಟೀಚರಮ್ಮ ಭಾರತಮ್ಮ ಆ ವ್ಯಾನಿನ ಮುಂದಿನ ಸೀಟಲ್ಲಿ ಕೂತ್ಕೊಂಡು ಬರ್ಲಿ, ನಮ್ ಹುಡುಗೀನ ಕಳಿಸ್ತೀವಿ. ಊರೋರೆಲ್ಲ ಕಳಿಸ್ತಾರೆ. ನಿಮ್ ಮಖ ನೋಡಿ ಕಳ್ಸಲ್ಲ.” ಕುರುಡುಮಲೆಯಲ್ಲೂ ಇದೇ ಮಾತು. ಆ ಮುತ್ಯಾಲಮ್ಮ ಈಗ ರೇಷ್ಮೆ ಹುಳಕ್ಕೆ ಸೊಪ್ಪು ಹಾಕಿಕೊಂಡು ಮನೆಯಲ್ಲೇ ಇದ್ದಾಳೆ. ಶಾಲೆಗೆ ಸೇರುವ ವಯಸ್ಸು ಇನ್ನೂ ಮೀರಿಲ್ಲ.

ನೀವು ಬಂದು ಶಾಲೆ ನೋಡಿಕೊಳ್ಳಬೇಕು. ನೀವು ಹೇಳಿದ ಹಾಗೆ ನಡೆಯುತ್ತೇನೆ. ಕೊನೆಯ ಕಾಗದದಲ್ಲಿ ನಾನು ಬರೆದದ್ದನ್ನು ಸುಟ್ಟು ಹಾಕಿ. ಶ್ಯಾಮಲಮ್ಮ ನಿಮ್ಮನ್ನು ಕೇಳಿದಳೆಂದು ತಿಳಿಸಲು ಹೇಳಿದ್ದಾಳೆ.

ಕೋದಂಡರಾಮಪ್ಪ


ಸಡ್ಬರಿ
22-4-1979

ಭಾವನವರಿಗೆ,

ಕಾಗದ ಒಡೆದೆ. ನಿಮ್ಮ ಕಾಗದಗಳನ್ನು ನಾನು ಯಾವುದನ್ನೂ ಸುಡುವುದಿಲ್ಲ. ಬೇಸರವಾದಾಗ ತೆಗೆದು ಓದಿಕೊಳ್ಳುತ್ತೇನೆ.

‘ಶ್ರೀಮತಿ’ ಎಂದು ಬರೆದಿದ್ದೀರಿ. ಇಷ್ಟು ವರ್ಷವಾದ ಮೇಲೆ ನನ್ನ ಹೆಸರಿನ ಹಿಂದಿನ ಖಾಲಿ ಜಾಗವನ್ನು ತುಂಬಿದ್ದಕ್ಕೆ ಉಪಕಾರವಾಯಿತು. ಕ್ಷಮೆ ಎಂಬ ಮಾತನ್ನು ಮಾತ್ರ ಎಲ್ಲೂ ಬರೆದಿಲ್ಲ. ನಾನೂ ಕ್ಷಮಿಸಿಲ್ಲ. ಇಬ್ಬರೂ ಹಾಗೇ ಇರೋಣ, ಅದರಿಂದ ಶಾಲೆಗೇನೂ ತೊಂದರೆಯಿಲ್ಲ.

ನಾನು ಬರುತ್ತೇನೆ. ನಿಮಗಾಗಿ ಅಲ್ಲ, ಮುತ್ಯಾಲಮ್ಮನಿಗಾಗಿ. ಅವಳ ಮೂರು ವರ್ಷವನ್ನು ನಿಮ್ಮ ಮೇಲಿನ ಸಿಟ್ಟಿಗೆ ನಾನು ಖರ್ಚು ಮಾಡಿಬಿಟ್ಟೆ. ಅವಳಿಗೆ ಒಂದು ಹೊಸ ಸ್ಲೇಟನ್ನು ಪೆಟ್ಟಿಗೆಯಲ್ಲಿ ಇಟ್ಟುಕೊಂಡಿದ್ದೇನೆ. ತಮ್ಮ ಬೇಡವೆನ್ನುತ್ತಿದ್ದಾನೆ. ಇಲ್ಲಿಯ ಮಕ್ಕಳು ಬಸ್ಸಿನ ಮೆಟ್ಟಿಲ ಮೇಲೆ ನಿಂತು, ಹೋಗಬೇಡವೆಂದು ನನ್ನ ಕೋಟು ಹಿಡಿದುಕೊಂಡರು. ಅವರಿಗೆ ನನ್ನ ಮುಖ ಅಭ್ಯಾಸವಾಗಿದೆ.

ನಾನು ಬರುವಷ್ಟರಲ್ಲಿ ವ್ಯಾನನ್ನು ಮತ್ತೆ ಹಳದಿ ಮಾಡಿಸಿ. ಎರಡು ಸಲ ಬಳಿಸಿ, ಈ ಸಲ ಕೆಳಗಿನದು ಇಣುಕಬಾರದು. ಆ ಬಣ್ಣದ್ದು ಏನೂ ತಪ್ಪಿಲ್ಲ. ಇಲ್ಲಿ ಅದನ್ನು ಕಂಡರೆ ಎಲ್ಲರೂ ನಿಂತು ಮಕ್ಕಳಿಗೆ ದಾರಿ ಬಿಡುತ್ತಾರೆ. ನಮ್ಮೂರಿನಲ್ಲೂ ಬಿಡುವ ಹಾಗೆ ಮಾಡುತ್ತೇನೆ. ತ್ರಿಕೋನದ ಜಾಗದಲ್ಲಿ ಗಂಗುಲಪ್ಪನ ಕೈಯಿಂದಲೇ ‘ಬಾಲಬೋಧಿನಿ’ ಎಂದು ಬರೆಸಿ. ಶಾಲೆಯ ಬೋರ್ಡಿನ ಮೇಲೂ ಅದೇ ಹೆಸರು. ಬರೆಯುವಾಗ ಪಕ್ಕದಲ್ಲಿ ನಿಂತು ನೋಡಿ, ಈ ಸಲ ತಲೆ ಹಾಕಬಹುದು. ವ್ಯಾನಿನ ಮುಂದಿನ ಸೀಟು ನನ್ನದು.

ನಿಮ್ಮ ಕೆಲಸ ಒಂದೇ. ಶಾಲೆಗೆ ಇನ್ನು ಕಾವಲುಗಾರ ಬೇಕಿಲ್ಲ. ದಿನವೂ ಬೆಳಗ್ಗೆ ಗೇಟು ತೆಗೆಯಲು ನೀವೇ ಬರಬೇಕು. ವ್ಯಾನು ಬಂದು ನಿಂತಾಗ ನಾನು ಮೊದಲು ಇಳಿಯುತ್ತೇನೆ. ಆ ಸುತ್ತಿಗೆ ನಿಮ್ಮ ಕೈಯಲ್ಲಿರಲಿ. ಮಕ್ಕಳೆಲ್ಲ ನೋಡುವ ಹಾಗೆ ಅದನ್ನು ನನ್ನ ಕೈಗೆ ಕೊಡಬೇಕು. ನಾನು ಬೆಲ್ ಹೊಡೆಯುತ್ತೇನೆ. ಒಂದು ದಿನ ಅಲ್ಲ, ಶಾಲೆ ಇರುವ ಪ್ರತಿ ದಿನ. ಜ್ವರವಿದ್ದರೂ ಬನ್ನಿ, ಮಂಡಿನೋವಿದ್ದರೂ ಬನ್ನಿ.

ಜೂನ್ ಮೊದಲ ಸೋಮವಾರ ಶುರು ಮಾಡೋಣ. ಅವತ್ತು ಬೇಗ ಎದ್ದು ಸ್ನಾನ ಮಾಡಿ ತಲೆ ತಗ್ಗಿಸಿಕೊಂಡು ಗೇಟಿನ ಹತ್ತಿರ ಬಂದು ನಿಂತಿರಿ. ದಾರಿಯಲ್ಲಿ ಬೇರೆ ಯಾರ ಮುಖವನ್ನೂ ನೋಡಬೇಡಿ.

ಭಾರತಮ್ಮ